ಒಂದು ಪ್ರಶ್ನೆಗೆ ಎಷ್ಟು ರೂಪಾಯಿ

ನಲವತ್ತನಾಲ್ಕನೆಯ ವಯಸ್ಸಿನಲ್ಲಿ ನನಗೆ ಹುಚ್ಚು ಹಿಡಿದಿತ್ತು ಎಂದು ನಮ್ಮ ಮನೆಯವರು ಈಗಲೂ ಹೇಳುತ್ತಾರೆ. ಹಿಡಿದದ್ದು ನಿಜ. ಅದು ಸರಿಯಾಗಿ ಇಪ್ಪತ್ತಾರು ದಿನ ಇತ್ತು. ಬಸ್ಸಿನಲ್ಲಿ ಒಬ್ಬಳೇ ನಗುತ್ತಿದ್ದೆ, ಸಾರಿಗೆ ಎರಡು ಸಲ ಉಪ್ಪು ಹಾಕಿದ್ದೆ, ಪಕ್ಕದ ಮನೆಯವರು ತೆಂಗಿನಕಾಯಿ ಕೇಳಲು ಬಂದರೆ ಅವರನ್ನು ಕೂರಿಸಿಕೊಂಡು ಕಣಕಟ್ಟೆ ಕಡೆಯ ಕೊಬ್ಬರಿ ಯಾವ ವಾರದಲ್ಲಿ ಹೆಚ್ಚು ಬರುತ್ತದೆ ಎಂದು ವಿವರಿಸಿದ್ದೆ. ಅವರು ಕಾಯಿ ತೆಗೆದುಕೊಳ್ಳದೆಯೇ ಎದ್ದು ಹೋದರು.

ನಾನು ಅರಸೀಕೆರೆಯಲ್ಲಿ ಬೆಳೆಗಾರರ ಕಂಪನಿಯೊಂದರಲ್ಲಿ ಲೆಕ್ಕಪತ್ರ ನೋಡಿಕೊಳ್ಳುತ್ತೇನೆ. ರೈತರೇ ಷೇರು ಹಾಕಿ ಕಟ್ಟಿಕೊಂಡ ಕಂಪನಿ. ಈ ಕಡೆಯಿಂದ ಕೊಬ್ಬರಿ, ಬೇಲೂರು ತಾಲ್ಲೂಕಿನ ಬಿಕ್ಕೋಡು, ಅರೇಹಳ್ಳಿ ಕಡೆಯಿಂದ ಕಾಫಿ, ಮೆಣಸು. ಸದಸ್ಯರು ಮಾಲು ತಂದಾಗ ತೂಕದ ಚೀಟಿ ಹರಿದು ಕೊಡುತ್ತೇವೆ. ಅದರ ಇನ್ನೊಂದು ಪ್ರತಿ ನನ್ನ ಮೇಜಿಗೆ ಬರುತ್ತದೆ. ಬಿ.ಎಸ್ಸಿ.ಯಲ್ಲಿ ಗಣಿತ ಓದಿದ್ದೆ. ಹದಿನಾರು ವರ್ಷ ಆ ಗಣಿತವೆಲ್ಲ ಕೂಡುವುದಕ್ಕೂ ಕಳೆಯುವುದಕ್ಕೂ ಖರ್ಚಾಗಿತ್ತು.

ಹೋದ ವರ್ಷ ಮುಂಗಾರು ಶುರುವಾಗುವ ಹೊತ್ತಿಗೆ ನಮ್ಮ ಅಧ್ಯಕ್ಷರು ಒಬ್ಬ ಇಂಜಿನಿಯರ್ ಹೆಣ್ಣುಮಗಳನ್ನು ಕರೆತಂದರು. ಹಳೇಬೀಡಿನವಳು. ಮೂವತ್ತು ದಾಟಿದ ವಯಸ್ಸು, ಹಾಸನದ ಕಾಲೇಜೊಂದರಲ್ಲಿ ಕಂಪ್ಯೂಟರ್ ಪಾಠ ಹೇಳಿದ್ದಳು. ದಿನವೂ ಹಳೇಬೀಡಿನಿಂದ ಬಸ್ಸಿನಲ್ಲಿ ಬಂದು ಹೋಗುತ್ತಿದ್ದಳು. ಮೂರು ವರ್ಷದ ಚೀಟಿಗಳು, ಸದಸ್ಯರ ಪಟ್ಟಿ, ತೋಟಗಳಲ್ಲಿ ನೆಟ್ಟಿದ್ದ ಮಳೆ ಮಾಪಕಗಳ ಅಂಕಿ, ಎಲ್ಲವನ್ನೂ ಒಂದೇ ಕಡೆ ಸೇರಿಸುವುದು ಅವಳ ಕೆಲಸ. ಆ ಒಂದೇ ಕಡೆಗೆ ಅವಳು ಡೇಟಾ ವೇರ್‌ಹೌಸ್ ಎನ್ನುತ್ತಿದ್ದಳು. ನಮ್ಮ ಅಧ್ಯಕ್ಷರ ಬಾಯಲ್ಲಿ ಅದು ಮೊದಲ ದಿನವೇ ಗೋದಾಮು ಆಯಿತು.

"ಗೋದಾಮು ಎಲ್ಲೈತವ್ವಾ? ಮಾರ್ಕೆಟ್ ಯಾರ್ಡ್ ಹಿಂದ್ಗಡೆ ಜಾಗ ಐತಲ್ಲ, ಅಲ್ಲಿಗೇ ಹಾಕ್ಬೋದಿತ್ತು."

"ಇಲ್ಲ ಸಾರ್, ಅದು ಇಲ್ಲಿರಲ್ಲ. ದೊಡ್ಡ ಕಂಪನಿಯವರ ಕಂಪ್ಯೂಟರ್‌ಗಳು ಎಲ್ಲೋ ದೂರದಲ್ಲಿರ್ತವೆ. ನಾವು ಬಾಡಿಗೆಗೆ ತಗೊಳ್ಳೋದು. ಕ್ಲೌಡ್ ಅಂತಾರೆ."

"ಬಾಡಿಗೆ ಎಷ್ಟು?"

ಅವಳು ಹೇಳಿದ್ದು ನನಗೆ ಆಗಲೇ ಪೂರ್ತಿ ತಲೆಗೆ ಹೋಗಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ. ಬಾಡಿಗೆಯಲ್ಲಿ ಎರಡು ಭಾಗ. ಅಂಕಿ ಅಂಶಗಳನ್ನು ಸುಮ್ಮನೆ ಇಟ್ಟಿರುವುದಕ್ಕೆ ತಿಂಗಳಿಗೆ ಮುನ್ನೂರು ರೂಪಾಯಿ. ಅದು ಏನೇನೂ ಅಲ್ಲ. ಆದರೆ ಅದರೊಳಗಿಂದ ಏನಾದರೂ ಕೇಳಿದರೆ, ಉತ್ತರ ಹುಡುಕಲು ಒಂದು ಯಂತ್ರ ಎಚ್ಚರವಾಗುತ್ತದೆ. ಅದು ಎಚ್ಚರ ಇದ್ದಷ್ಟು ಹೊತ್ತಿಗೆ ಗಂಟೆಗೆ ಇನ್ನೂರೈವತ್ತು ರೂಪಾಯಿ. ಯಾರೂ ಕೇಳದೆ ಬಿಟ್ಟರೆ ತಾನೇ ಮಲಗುತ್ತದೆ. ದಿನಕ್ಕೆ ಒಂದು ಗಂಟೆ ಓಡಬಹುದು ಎಂದು ಅವಳೂ ನಾನೂ ಅಂದಾಜು ಹಾಕಿದೆವು. ಆರು ತಿಂಗಳಿಗೆ ನಲವತ್ತೈದು ಸಾವಿರ, ಇಡುವ ಬಾಡಿಗೆ, ಸ್ವಲ್ಪ ಕೈಮೀರಿದರೆ ಇರಲಿ ಎಂದು ಇನ್ನಷ್ಟು, ಒಟ್ಟು ಅರವತ್ತು ಸಾವಿರ. ಅಧ್ಯಕ್ಷರು ಅಷ್ಟನ್ನೂ ಮುಂಗಡವಾಗಿ ಕಟ್ಟಿಸಿದರು.

ಆಮೇಲೆ ಆ ಹುಡುಗಿ ನನಗೆ ಪ್ರಶ್ನೆ ಕೇಳುವುದನ್ನು ಕಲಿಸಿದಳು. ಅದಕ್ಕೊಂದು ಭಾಷೆ ಇದೆ. ನಾಲ್ಕೈದು ಇಂಗ್ಲಿಷ್ ಪದ, ಉಳಿದದ್ದೆಲ್ಲ ಗಣಿತದ ಶಿಸ್ತು. ಒಂದು ಮಧ್ಯಾಹ್ನ ಊಟ ಮುಗಿಸಿ, ಅವಳು ತೋರಿಸಿದಂತೆ ನಾಲ್ಕು ಸಾಲು ಬರೆದೆ: ಮೂರು ವರ್ಷದಲ್ಲಿ, ಊರುವಾರು, ತಿಂಗಳುವಾರು, ಎಷ್ಟು ಕೊಬ್ಬರಿ? ಇದೇ ಪಟ್ಟಿಯನ್ನು ಹಿಂದಿನ ವರ್ಷ ವಾರ್ಷಿಕ ಸಭೆಗೆಂದು ಕೈಯಲ್ಲಿ ತಯಾರಿಸಲು ನಾನೂ ಇನ್ನೊಬ್ಬ ಗುಮಾಸ್ತರೂ ಒಂಬತ್ತು ದಿನ ಕೂತಿದ್ದೆವು. ಗುಂಡಿ ಒತ್ತಿದೆ. ಉಸಿರು ತೆಗೆದುಕೊಂಡು ಬಿಡುವಷ್ಟರಲ್ಲಿ ಪಟ್ಟಿ ಪರದೆಯ ಮೇಲಿತ್ತು.

ನಾನು ಎದ್ದು ನಿಂತುಬಿಟ್ಟೆ. ಕುರ್ಚಿ ಹಿಂದಕ್ಕೆ ಬಿತ್ತು. ಅಧ್ಯಕ್ಷರು ಒಳಗಿನಿಂದ ಬಂದರು.

"ಯಾಕವ್ವಾ ಇಂಗ್ ನಿಂತ್ಬಿಟ್ಟೆ? ಕರೆಂಟ್ ಏನಾದ್ರೂ ಹೊಡೀತಾ?"

"ಸಾರ್, ಮೂರು ವರ್ಷದ್ದು ಸಾರ್! ಅಷ್ಟೂ ಚೀಟಿದು! ನೋಡಿ ಬನ್ನಿ!"

ಅವರು ಕನ್ನಡಕ ಹಾಕಿಕೊಂಡು ನೋಡಿದರು. ಅರವತ್ತೆಂಟು ವರ್ಷದ ಮನುಷ್ಯ, ತೆಂಗಿನ ತೋಟದಲ್ಲೇ ಬೆಳೆದವರು, ಎಂದೂ ಯಾವುದಕ್ಕೂ ಬೆರಗಾಗಿದ್ದನ್ನು ನಾನು ಕಂಡಿರಲಿಲ್ಲ. "ನಮ್ಮೂರ್ದು ಎಲ್ಲೈತೆ?" ಎಂದರು. ತೋರಿಸಿದೆ. "ಬಾಣಾವರದ್ದು?" ತೋರಿಸಿದೆ. ಕುರ್ಚಿ ಎತ್ತಿ ನಿಲ್ಲಿಸಿಕೊಂಡು ನನ್ನ ಪಕ್ಕದಲ್ಲೇ ಕೂತರು. ಅಂದು ಸಂಜೆ ಆಫೀಸು ಮುಚ್ಚಲು ಇಬ್ಬರಿಗೂ ಮನಸ್ಸಿರಲಿಲ್ಲ.

ಹೀಗೆ ಶುರುವಾಯಿತು. ಬೆಳಿಗ್ಗೆ ಆಫೀಸಿಗೆ ಕಾಲಿಡುವ ಮೊದಲೇ ನಾಲ್ಕು ಪ್ರಶ್ನೆ ತಲೆಯಲ್ಲಿರುತ್ತಿದ್ದವು. ಮಂಗಳವಾರ ಯಾಕೆ ಮಾಲು ಕಡಿಮೆ? ಮಳೆ ಬಂದ ಮರುದಿನ ಕೊಬ್ಬರಿಯ ತೇವ ಎಷ್ಟು ಏರುತ್ತದೆ? ಬಿಕ್ಕೋಡಿನ ಮೆಣಸು ಮೊದಲು ಬರುತ್ತದೋ ಅರೇಹಳ್ಳಿಯದ್ದೋ? ನಿರ್ದೇಶಕರು ಮೊಬೈಲು ತೆಗೆದಾಗಲೆಲ್ಲ ಅವರವರ ತೋಟದ ಅಂದಿನ ಮಳೆ ಚಿತ್ರವಾಗಿ ಕಾಣುವಂತೆ ಒಂದು ಪ್ರಶ್ನೆಯನ್ನೂ ಬರೆದುಕೊಟ್ಟೆ. ಉಪಯೋಗವಿಲ್ಲದ್ದನ್ನೂ ಕೇಳುತ್ತಿದ್ದೆ. ತೂಕ ಸರಿಯಾಗಿ ನೂರು ಕಿಲೋ ಬಂದ ಚೀಟಿ ಎಷ್ಟು? ಒಂದೇ ದಿನ ಮಾಲು ತಂದ ಅಣ್ಣತಮ್ಮಂದಿರು ಎಷ್ಟು ಜೋಡಿ? ಉತ್ತರ ಬಂದಾಗಲೆಲ್ಲ ಯಾರೋ ನನ್ನ ಕೈಗೆ ಬಿಸಿ ಜಾಮೂನು ಇಟ್ಟಂತಾಗುತ್ತಿತ್ತು. ಮನೆಯಲ್ಲಿ ರೊಟ್ಟಿ ತಟ್ಟುತ್ತಾ ನಗುತ್ತಿದ್ದರೆ ನಮ್ಮ ಮನೆಯವರು, ರೈಲ್ವೆಯಲ್ಲಿ ಸಾಮಾನು ಬುಕಿಂಗಿನಲ್ಲಿ ಕೆಲಸ ಅವರಿಗೆ, ಬಾಗಿಲಲ್ಲಿ ನಿಂತು ಕೇಳುತ್ತಿದ್ದರು: "ಏನಾಯ್ತೇ ನಿಂಗೆ?"

"ಅಣ್ಣತಮ್ಮಂದಿರು ಮೂವತ್ತೊಂದು ಜೋಡಿ ಕಣ್ರೀ!"

ಅವರು ಒಳಗೆ ಬಂದು ತಟ್ಟೆಗೆ ರೊಟ್ಟಿ ಹಾಕಿಕೊಂಡರು.

ಇಪ್ಪತ್ತಾರನೆಯ ದಿನ ಬೆಳಿಗ್ಗೆ ಹತ್ತೂಕಾಲಿಗೆ ಪ್ರಶ್ನೆ ಹಾಕಿದೆ. ಉತ್ತರ ಬರಲಿಲ್ಲ. ಪರದೆಯ ಮೇಲೆ ಕೆಂಪಕ್ಷರದಲ್ಲಿ ಒಂದು ಸಾಲು ಬಂತು. ಇಂಜಿನಿಯರ್ ಹುಡುಗಿ ಆಗತಾನೆ ಬಸ್ಸಿಳಿದು ಬಂದಿದ್ದಳು. ಓದಿ, ಬ್ಯಾಗನ್ನು ಮೇಜಿನ ಮೇಲಿಟ್ಟು, ನಿಧಾನವಾಗಿ ಕೂತಳು.

"ಅಕ್ಕಾ, ದುಡ್ಡು ಮುಗ್ದೋಗಿದೆ."

"ಯಾವ್ದು?"

"ಅರವತ್ತು ಸಾವಿರ."

ಆರು ತಿಂಗಳದ್ದು ಒಂದು ತಿಂಗಳೂ ಬಂದಿರಲಿಲ್ಲ. ಯಾರು ಯಾವ ಪ್ರಶ್ನೆ ಯಾವಾಗ ಕೇಳಿದರು ಎಂದು ಆ ಗೋದಾಮು ತಾನೇ ಬರೆದಿಟ್ಟುಕೊಳ್ಳುತ್ತದೆ. ಅವಳು ಆ ಪಟ್ಟಿ ತೆಗೆದಳು. ಆಫೀಸಿನ ಕಂಪ್ಯೂಟರುಗಳಲ್ಲೆಲ್ಲ ನನ್ನದೇ ಮೊದಲು. ನಾನೂರ ಹನ್ನೆರಡು ಪ್ರಶ್ನೆ. ಅಣ್ಣತಮ್ಮಂದಿರದ್ದು ಮೂರು ಸಲ ಇತ್ತು, ಯಾಕೆಂದರೆ ಮೊದಲೆರಡು ಸಲ ಕಾಗುಣಿತ ತಪ್ಪಿತ್ತು.

ಅಧ್ಯಕ್ಷರ ಕೋಣೆಗೆ ಹೋಗಿ ನಿಂತೆ. ಹೇಳುವುದನ್ನೆಲ್ಲ ಒಂದೇ ಉಸಿರಿನಲ್ಲಿ ಹೇಳಿದೆ. ತಪ್ಪು ನನ್ನದು, ಇಂಜಿನಿಯರದ್ದಲ್ಲ, ನೂರು ಕಿಲೋದ ಚೀಟಿ ಎಣಿಸುತ್ತಾ ಮಕ್ಕಳ ಹಾಗೆ ಆಡಿದೆ, ನನ್ನ ಸಂಬಳದಲ್ಲಿ ತಿಂಗಳು ತಿಂಗಳು ಹಿಡಿದುಕೊಳ್ಳಿ. ಅಧ್ಯಕ್ಷರ ಭುಜ ಅಲುಗಲು ಶುರುವಾಯಿತು. ನಗುತ್ತಿದ್ದರು.

"ನೂರು ಕಿಲೋ ಸರ್ಯಾಗ್ ಬಂದಿದ್ದು ಎಷ್ಟು ಚೀಟಿ?"

"ಹದಿನೇಳು ಸಾರ್."

"ಹದ್ನೇಳೇನಾ!" ಅವರಿಗೆ ಇನ್ನೂ ನಗು. "ನೋಡವ್ವಾ, ಕೇಳಿದ್ದು ತಪ್ಪಲ್ಲ. ಒಂದು ಪ್ರಶ್ನೆಗೆ ಎಷ್ಟಾಯ್ತದೆ ಅಂತ ಗೊತ್ತಿಲ್ದೆ ಕೇಳಿದ್ದು ತಪ್ಪು. ಮುಂದಿನ್ ಸೋಮ್ವಾರ ಬೇಲೂರಲ್ಲಿ ನಿರ್ದೇಶಕರ ಸಭೆ ಐತೆ. ವರ್ಷಕ್ಕೆ ಎಷ್ಟು ಬೇಕು, ಹೆಂಗ್ ಹಿಡಿತದಲ್ಲಿ ಇಡ್ತೀವಿ, ಬರ್ಕೊಂಡ್ ಬಾ. ನೀನೇ ಮಾತಾಡ್ಬೇಕು. ಅಲ್ಲೀಗಂಟ ಓಡ್ಲಿ ಅಂತ ಇನ್ನೊಂದಿಷ್ಟು ಕಟ್ಸು."

ನಾನು ಸಭೆಯಲ್ಲಿ ಮಾತಾಡಿದವಳೇ ಅಲ್ಲ. ಕಾಫಿ ಹಂಚಲು ಮಾತ್ರ ಒಳಗೆ ಹೋಗಿದ್ದೆ. ಆದರೂ ಕೋಣೆಯಿಂದ ಹೊರಗೆ ಬರುವಾಗ ಹೆದರಿಕೆಗಿಂತ ಬೇರೇನೋ ಹೆಚ್ಚಾಗಿತ್ತು. ಇದು ಗಣಿತ! ಇಪ್ಪತ್ತು ವರ್ಷದ ಮೇಲೆ ಯಾರೋ ನನಗೊಂದು ನಿಜವಾದ ಗಣಿತ ಕೊಟ್ಟಿದ್ದರು.

ಮೊದಲ ಲೆಕ್ಕ ಅಂದೇ ಮಾಡಿದೆ. ಅರವತ್ತು ಸಾವಿರವನ್ನು ಇನ್ನೂರೈವತ್ತರಿಂದ ಭಾಗಿಸಿದರೆ ಇನ್ನೂರ ನಲವತ್ತು ಗಂಟೆ. ಇಪ್ಪತ್ತಾರು ದಿನಕ್ಕೆ ಹಂಚಿದರೆ ದಿನಕ್ಕೆ ಒಂಬತ್ತು ಗಂಟೆಗೂ ಮೇಲೆ. ಒಂದು ಗಂಟೆ ಓಡಬೇಕಿದ್ದ ಯಂತ್ರ ಒಂಬತ್ತು ಗಂಟೆ ಓಡಿದೆ. ಇದೇ ಓಟದಲ್ಲಿ ವರ್ಷವಾದರೆ ಎಂಟೂವರೆ ಲಕ್ಷದ ಹತ್ತಿರ. ಸರಿ, ಆದರೆ ನನ್ನ ನಾನೂರ ಹನ್ನೆರಡು ಪ್ರಶ್ನೆಗಳಲ್ಲಿ ಒಂದೊಂದೂ ಎರಡು ಸೆಕೆಂಡು, ಹೆಚ್ಚೆಂದರೆ ಹತ್ತು ಸೆಕೆಂಡಿನದು. ಎಲ್ಲ ಕೂಡಿದರೂ ಒಂದು ಗಂಟೆ ಆಗುವುದಿಲ್ಲ! ಉಳಿದ ಇನ್ನೂರ ಮೂವತ್ತೊಂಬತ್ತು ಗಂಟೆ ಎಲ್ಲಿ ಹೋಯಿತು?

ಇದನ್ನು ಇಂಜಿನಿಯರ್ ಹುಡುಗಿಗೆ ತೋರಿಸಿದಾಗ ಅವಳು ಹಣೆ ಚಚ್ಚಿಕೊಂಡಳು. ಯಂತ್ರ ಉತ್ತರ ಕೊಟ್ಟ ತಕ್ಷಣ ಮಲಗುವುದಿಲ್ಲ. ಇನ್ನೊಂದು ಪ್ರಶ್ನೆ ಬರಬಹುದು ಎಂದು ಹತ್ತು ನಿಮಿಷ ಕಾಯುತ್ತದೆ. ಬಾಡಿಗೆಗೆ ಬರುವಾಗಲೇ ಹಾಗೆ ಇರುತ್ತದೆ, ಅವಳು ಅದನ್ನು ಬದಲಾಯಿಸಿರಲಿಲ್ಲ. ಎರಡು ಸೆಕೆಂಡಿನ ಪ್ರಶ್ನೆಗೆ ಹತ್ತು ನಿಮಿಷದ ಬಾಡಿಗೆ. ಕಾದಿದ್ದಕ್ಕೂ ಮೀಟರ್ ಓಡುತ್ತದೆ.

"ಅದನ್ನೂ ಸೇರಿಸಿದ್ರೂ ನಂದು ಅರವತ್ತು ಎಪ್ಪತ್ತು ಗಂಟೆ ಆಗ್ಬೋದು ಕಣೇ, ಅದಕ್ಕಿಂತ ಹೆಚ್ಚಿಲ್ಲ," ಎಂದೆ. "ಇನ್ನೂ ಯಾರೋ ಇದಾರೆ."

"ಮೊಬೈಲಿಗೆ ಹೋಗೋ ಮಳೆ ಚಿತ್ರ ಇದೆಯಲ್ಲಕ್ಕಾ, ಅದನ್ನ ಯಾರು ಎಷ್ಟು ಸಲ ತೆಗೀತಾರೆ ಅನ್ನೋ ಪಟ್ಟಿ ನಾನು ನೋಡೇ ಇಲ್ಲ. ಭಾನುವಾರ ನಮ್ಮನೆಗೆ ಬಂದ್ಬಿಡಿ. ಆಫೀಸ್ ರಜೆ, ಯಾರೂ ಏನೂ ಕೇಳಲ್ಲ. ಸುಮ್ನೆ ಬಿಟ್ರೆ ಎಷ್ಟು ಓಡುತ್ತೆ ನೋಡೋಣ. ಅದೇ ನಮ್ಮ ಸೊನ್ನೆ, ಅಳತೆ ಅಲ್ಲಿಂದ ಶುರು."

ಭಾನುವಾರ ಬೆಳಿಗ್ಗೆ ಬಸ್ಸು ಹತ್ತಿದೆ. ಜಾವಗಲ್ ದಾಟುವವರೆಗೆ ನಿಂತೇ ಇದ್ದೆ, ಅದೂ ಗೊತ್ತಾಗಲಿಲ್ಲ. ಹಳೇಬೀಡಿನಲ್ಲಿ ಅವಳ ಮನೆ ದೇವಸ್ಥಾನದ ಹಿಂದಿನ ಬೀದಿಯಲ್ಲಿ. ಜಗಲಿಯ ಮೇಲೆ ಚಾಪೆ ಹಾಸಿ, ಲ್ಯಾಪ್‌ಟಾಪ್ ಇಟ್ಟುಕೊಂಡು ಕೂತೆವು. ಅವಳ ಅಮ್ಮ ಅವಲಕ್ಕಿ ಒಗ್ಗರಣೆ ಕೊಟ್ಟು, ನಾವು ಏನನ್ನು ಇಷ್ಟು ನೆಟ್ಟ ಕಣ್ಣಿನಿಂದ ನೋಡುತ್ತಿದ್ದೇವೆ ಎಂದು ಬಗ್ಗಿ ನೋಡಿ, ಖಾಲಿ ಪರದೆ ಕಂಡು ಒಳಗೆ ಹೋದರು.

ಹನ್ನೊಂದು ಗಂಟೆಗೆ ಯಂತ್ರ ಮಲಗಿತು. ನಾವು ಕೈ ಕುಲುಕಿಕೊಂಡೆವು. ಹನ್ನೊಂದು ಗಂಟೆ ಎರಡು ನಿಮಿಷಕ್ಕೆ ಎದ್ದಿತು.

ಹುಡುಗಿ ಪಟ್ಟಿ ತೆಗೆದಳು. ಓದಿ, ಬಾಯಿ ಮೇಲೆ ಕೈ ಇಟ್ಟುಕೊಂಡಳು. ಪರದೆಯನ್ನು ನನ್ನ ಕಡೆ ತಿರುಗಿಸಿದಳು. ಅಧ್ಯಕ್ಷರ ಮೊಬೈಲು.

ಫೋನ್ ಮಾಡಿದೆ.

"ಸಾರ್, ನಮಸ್ಕಾರ. ಮಳೆ ಚಿತ್ರ ಏನಾದ್ರೂ ನೋಡಿದ್ರಾ?"

"ನಿಂಗೆ ಹೆಂಗ್ ಗೊತ್ತಾಯ್ತವ್ವಾ?"

"ಒಂದು ಅರ್ಧ ಗಂಟೆ ನೋಡ್ಬೇಡಿ ಸಾರ್, ಅಳತೆ ಮಾಡ್ತಿದೀವಿ."

"ಆಯ್ತು ಆಯ್ತು. ಮುಟ್ಟಲ್ಲ."

ಹತ್ತು ನಿಮಿಷ ಕಾದೆವು. ಯಂತ್ರ ಮಲಗಿತು. ನಾಲ್ಕು ನಿಮಿಷವಾಗಿರಬೇಕು, ಮತ್ತೆ ಎದ್ದಿತು. ಈ ಸಲ ಬೇರೆ ಮೊಬೈಲು, ಅರೇಹಳ್ಳಿಯದು. ಕಂಪನಿಯ ನಿರ್ದೇಶಕರಲ್ಲಿ ಒಬ್ಬರು, ಕಾಫಿ ಬೆಳೆಗಾರರು. ಅದಕ್ಕಿಂತ ಮುಖ್ಯವಾಗಿ ನಮ್ಮ ಅಧ್ಯಕ್ಷರ ಬೀಗರು. ಅಧ್ಯಕ್ಷರ ಮಗಳನ್ನು ಅವರ ಮಗನಿಗೆ ಕೊಟ್ಟಿದೆ. ಅವರಿಗೂ ಫೋನ್ ಮಾಡಿದೆ. ಒಪ್ಪಿಕೊಂಡರು. ಮತ್ತೆ ಕಾದೆವು, ಮತ್ತೆ ಮಲಗಿತು. ಐದು ನಿಮಿಷಕ್ಕೆ ಅಧ್ಯಕ್ಷರ ಮೊಬೈಲೇ ಎಬ್ಬಿಸಿತು.

"ಸಾರ್! ಮುಟ್ಟಿದ್ರಿ!"

"ಇಲ್ಲವ್ವಾ, ಮುಟ್ಲಿಲ್ಲ. ಬರೀ ನೋಡ್ದೆ."

ಹುಡುಗಿ ಚಾಪೆಯ ಮೇಲೆ ಮಲಗಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ನನಗೆ ಫೋನ್ ಹಿಡಿಯಲೂ ಆಗುತ್ತಿರಲಿಲ್ಲ. ಕಣ್ಣಲ್ಲಿ ನೀರು. ಅಧ್ಯಕ್ಷರಿಗೆ ನಗು ಕೇಳಿಸಿತು. ಕೊನೆಗೆ ಅವರೇ ಬಾಯಿಬಿಟ್ಟರು.

ವಿಷಯ ಹೀಗಿತ್ತು. ಬೀಗರಿಬ್ಬರಿಗೂ ಮಳೆಯ ಮೇಲೆ ಪಂದ್ಯ. ಎಷ್ಟು ಮಳೆ ಬಂತು ಎಂಬುದರಲ್ಲಿ ಅರಸೀಕೆರೆ ಅರೇಹಳ್ಳಿಯನ್ನು ಯಾವ ಜನ್ಮದಲ್ಲೂ ಗೆಲ್ಲಲಾರದು. ಆದ್ದರಿಂದ ಪಂದ್ಯ ಬೇರೆ ರೀತಿಯದು. ದಿನಾ ಬೆಳಿಗ್ಗೆ ಇಬ್ಬರೂ ತಮ್ಮ ತಮ್ಮ ತೋಟದಲ್ಲಿ ಇವತ್ತು ಎಷ್ಟು ಮಿಲಿಮೀಟರ್ ಬೀಳುತ್ತದೆ ಎಂದು ಹೇಳಬೇಕು. ಸಂಜೆಗೆ ಯಾರ ಮಾತು ಹತ್ತಿರ ಬಂತೋ ಅವರು ಗೆದ್ದರು. ಸೋತವರು ಫೋನ್ ಮಾಡಿ "ನೀವೇ ಗೆದ್ರಿ ಬೀಗ್ರೆ" ಎನ್ನಬೇಕು, ಅಷ್ಟೇ. ದುಡ್ಡಿಲ್ಲ, ಕಾಸಿಲ್ಲ. ಮಗಳ ಮದುವೆಯಾದ ಮೇಲೆ ಯಾವುದೋ ಸಣ್ಣ ಮಾತಿಗೆ ಎರಡು ವರ್ಷ ಇಬ್ಬರೂ ಸರಿಯಾಗಿ ಮಾತಾಡಿರಲಿಲ್ಲವಂತೆ. ಮಳೆ ಚಿತ್ರ ಮೊಬೈಲಿಗೆ ಬಂದ ಮೇಲೆ ದಿನಕ್ಕೆ ಮೂರು ಸಲ ಮಾತು. ಆ ಮಾತಿನ ಮಧ್ಯೆ ಇಬ್ಬರೂ ನಿಮಿಷ ನಿಮಿಷಕ್ಕೂ ಮಾಪಕ ನೋಡುತ್ತಿದ್ದರು. ಒಬ್ಬರು ನೋಡಿ ಬಿಟ್ಟರೆ ಇನ್ನೊಬ್ಬರು. ಯಂತ್ರಕ್ಕೆ ಕಣ್ಣು ಮುಚ್ಚಲು ಬಿಡುವೇ ಇರಲಿಲ್ಲ.

"ಒಂದ್ಸಲ ನೋಡಿದ್ರೆ ಎಷ್ಟಾಯ್ತದವ್ವಾ?" ಎಂದು ಅಧ್ಯಕ್ಷರು ಮೆಲ್ಲಗೆ ಕೇಳಿದರು.

"ಈಗಿರೋ ಹಾಗೆ ನಲವತ್ತೊಂದು, ನಲವತ್ತೆರಡು ರೂಪಾಯಿ ಸಾರ್."

"ಅಯ್ಯೋ ಶಿವನೇ! ಒಂದು ಮಸಾಲೆ ದೋಸೆ!"

ಆ ಮಧ್ಯಾಹ್ನ ನಾವಿಬ್ಬರೂ ಮಾಡಿದ ಕೆಲಸವನ್ನು ನೆನೆದರೆ ಈಗಲೂ ಮೈ ಹಗುರಾಗುತ್ತದೆ. ಕಾಯುವ ಹತ್ತು ನಿಮಿಷವನ್ನು ಒಂದು ನಿಮಿಷಕ್ಕೆ ಇಳಿಸಿದೆವು. ಮಳೆಯ ಅಂಕಿಗಳನ್ನು ಬೆಳಿಗ್ಗೆ ಆರರಿಂದ ರಾತ್ರಿ ಒಂಬತ್ತರವರೆಗೆ ಗಂಟೆಗೊಮ್ಮೆ ಮಾತ್ರ ಗೋದಾಮಿನಿಂದ ತೆಗೆದು ಒಂದು ಸಣ್ಣ ಹಾಳೆಯಲ್ಲಿ ಬರೆದಿಡುವಂತೆ ಮಾಡಿದೆವು. ಮೊಬೈಲಿನಿಂದ ಸಾವಿರ ಸಲ ನೋಡಿದರೂ ಆ ಹಾಳೆ ಕಾಣುತ್ತದೆ, ಯಂತ್ರಕ್ಕೆ ಎಚ್ಚರವಾಗುವುದಿಲ್ಲ. ಮಳೆ ಪ್ರಶ್ನೆಯನ್ನು ನಾನೇ ಬರೆದದ್ದು. ಇವತ್ತಿನ ಮಳೆ ತೋರಿಸಲು ಮೂರು ವರ್ಷದ ಮಳೆಯನ್ನೆಲ್ಲ ಓದುವ ಹಾಗೆ ಬರೆದಿದ್ದೆ. ಅದನ್ನು ತಿದ್ದಿದೆ. ಹತ್ತು ಸೆಕೆಂಡಿನದು ಒಂದು ಸೆಕೆಂಡಿಗೆ ಬಂದಾಗ ನಾನು ಜಗಲಿಯ ಮೇಲೆ ಕುಣಿದದ್ದನ್ನು ಎದುರು ಮನೆಯವರು ನೋಡಿದರು. ನೋಡಲಿ.

ಆಮೇಲೆ ಪೆನ್ಸಿಲ್ ಹಿಡಿದು ಅಂದಾಜು. ಮಳೆಗೆ ದಿನಕ್ಕೆ ಇಪ್ಪತ್ತೈದು ನಿಮಿಷ. ಸಂಜೆ ಚೀಟಿಗಳನ್ನು ತುಂಬಿಸಲು ಹತ್ತು ನಿಮಿಷ. ಆಫೀಸಿನ ಪ್ರಶ್ನೆಗಳನ್ನು ಬರೆದಿಟ್ಟುಕೊಂಡು ಬೆಳಿಗ್ಗೆ ಒಂದು ಸಲ, ಮಧ್ಯಾಹ್ನ ಒಂದು ಸಲ ಒಟ್ಟಿಗೆ ಕೇಳಿದರೆ ನಲವತ್ತು ನಿಮಿಷ. ಕೂಡಿದರೆ ಒಂದೂಕಾಲು ಗಂಟೆ. ತಿಂಗಳಿಗೆ ಸುಮಾರು ಒಂಬತ್ತು ಸಾವಿರದ ಏಳುನೂರು, ಇಡುವ ಬಾಡಿಗೆ ಸೇರಿ. ಮಾಲು ಬಾರದ ತಿಂಗಳಲ್ಲಿ ಏಳು ಸಾವಿರಕ್ಕೆ ಇಳಿಯಬಹುದು; ಕೊಬ್ಬರಿ, ಕಾಫಿ ಎರಡೂ ಒಟ್ಟಿಗೆ ಬಂದರೆ ಹದಿನಾಲ್ಕಕ್ಕೆ ಏರಬಹುದು. ಕೊನೆಯದಾಗಿ ಎರಡು ಬೇಲಿ ಹಾಕಿದೆವು. ತಿಂಗಳ ಖರ್ಚು ಹನ್ನೆರಡು ಸಾವಿರ ಮುಟ್ಟಿದರೆ ನಮ್ಮಿಬ್ಬರ ಫೋನಿಗೂ ಎಚ್ಚರಿಕೆ ಬರಬೇಕು. ಹದಿನೈದು ಸಾವಿರಕ್ಕೆ ಪ್ರಶ್ನೆ ಕೇಳುವುದೇ ನಿಂತುಹೋಗಬೇಕು.

ಮರುದಿನ ಬೇಲೂರಿನ ಸಭೆ ಬಸ್ ಸ್ಟ್ಯಾಂಡ್ ಹತ್ತಿರ ಬೇಕರಿಯೊಂದರ ಮೇಲಿನ ಮಹಡಿಯಲ್ಲಿ. ಕೆಳಗಿನಿಂದ ಬನ್ನಿನ ವಾಸನೆ. ಒಂಬತ್ತು ಜನ ನಿರ್ದೇಶಕರು. ಅವರಲ್ಲಿ ಒಬ್ಬರನ್ನು ಕಂಡರೆ ಎಲ್ಲರಿಗೂ ಭಯ. ಬೇಲೂರಿನವರೇ, ತಲೆತಲಾಂತರದಿಂದ ದೇವಸ್ಥಾನದ ಸೇವೆಯಲ್ಲಿದ್ದ ಮನೆತನ. ಅವರು ಮಾತ್ರ ಖಜಾನೆ ಇಲಾಖೆಗೆ ಸೇರಿ ನಿವೃತ್ತರಾದವರು. ಮೂವತ್ತೈದು ವರ್ಷ ಬಿಲ್ಲುಗಳನ್ನು ವಾಪಸು ಕಳಿಸಿ ಕಳಿಸಿ ಅವರ ಮುಖಕ್ಕೆ ಒಂದು ಬಗೆಯ ಶಾಂತಿ ಬಂದಿತ್ತು.

ನಾನು ಎದ್ದು ನಿಂತೆ. ಮೊದಲು ಅರವತ್ತು ಸಾವಿರ ಹೇಗೆ ಹೋಯಿತು ಎಂದು ಹೇಳಬೇಕಿತ್ತು. ನನ್ನ ಪ್ರಶ್ನೆಗಳ ಸಂಖ್ಯೆ ಹೇಳಿದೆ. ಉಳಿದದ್ದನ್ನು ಹೇಗೆ ಹೇಳುವುದೆಂದು ತಡವರಿಸುವಷ್ಟರಲ್ಲಿ ಅಧ್ಯಕ್ಷರು ಕುರ್ಚಿಯಿಂದ ಎದ್ದರು.

"ಮಿಕ್ಕಿದ್ದು ನಾನೂ ನಮ್ ಬೀಗ್ರೂ ತಿಂದಿದ್ದು," ಎಂದರು. "ಮಳೆ ನೋಡ್ತಾ."

ಅರೇಹಳ್ಳಿಯ ಬೀಗರು ಎರಡು ಕೈಯಲ್ಲೂ ಮುಖ ಮುಚ್ಚಿಕೊಂಡರು. ಇಡೀ ಮಹಡಿ ಬಿದ್ದು ಬಿದ್ದು ನಕ್ಕಿತು. ಖಜಾನೆಯವರೊಬ್ಬರೇ ನಗಲಿಲ್ಲ. ನಗು ಮುಗಿಯುವವರೆಗೆ ಕಾದು, ನನ್ನ ಅಂದಾಜು ಪಟ್ಟಿಯನ್ನು ಕೈಯಲ್ಲಿ ಹಿಡಿದರು.

"ನೋಡಮ್ಮಾ, ಅಂದಾಜು ಅಂದಮೇಲೆ ತಪ್ಪುತ್ತೆ. ಇದು ಎಷ್ಟು ತಪ್ಪುತ್ತೆ ಹೇಳು."

ಈ ಪ್ರಶ್ನೆಗಾಗಿಯೇ ನಾನು ಹುಟ್ಟಿದ್ದೆ ಎನಿಸಿತು. "ಅದಕ್ಕೇ ಮೂರು ಮೊತ್ತ ಬರೆದಿದೀನಿ ಸಾರ್. ಕೆಳಗಿನದು, ಮಧ್ಯದ್ದು, ಮೇಲಿನದು. ಯಾವ ತಿಂಗಳಲ್ಲಿ ಯಾವ್ದು ಬರ್ಬೋದು ಅಂತ ಪಕ್ಕದಲ್ಲೇ ಇದೆ. ಮೇಲಿನದನ್ನೂ ಮೀರಿದ್ರೆ ತಾನೇ ನಿಲ್ಲುತ್ತೆ."

"ಸುಗ್ಗಿಯಲ್ಲಿ ನಿಂತ್ರೆ? ರೈತ ಮಾಲು ತಂದಿರ್ತಾನೆ, ಚೀಟಿ ಏನಾಗುತ್ತೆ?"

"ಚೀಟಿ ತುಂಬ್ಸೋ ಯಂತ್ರ ಬೇರೆ ಮಾಡಿದೀವಿ ಸಾರ್. ಅದಕ್ಕೆ ಬೇಲಿ ಇಲ್ಲ, ಅದು ನಿಲ್ಲಲ್ಲ. ನಿಲ್ಲೋದು ನಮ್ಮ ಪ್ರಶ್ನೆ ಮಾತ್ರ. ನಾವು ಕಾಯ್ಬೋದು, ರೈತರು ಕಾಯ್ಬಾರ್ದು."

ಅವರು ಪಟ್ಟಿಯನ್ನು ಮೇಲಿಂದ ಕೆಳಗೆ ಮತ್ತೊಮ್ಮೆ ಓದಿದರು. "ವರ್ಷಕ್ಕೆ ಒಂದು ಲಕ್ಷದ ಹದಿನಾರು ಸಾವಿರದ ನಾನೂರು. ಇದಕ್ಕೆ ನೀನು ಸಹಿ ಹಾಕ್ತೀಯಾ?"

"ಹಾಕ್ತೀನಿ ಸಾರ್."

ಅವರೇ ಜೇಬಿನಿಂದ ಪೆನ್ನು ತೆಗೆದು ಕೊಟ್ಟರು. ಹದಿನಾರು ವರ್ಷದಲ್ಲಿ ನಾನು ಸಹಿ ಹಾಕಿದ್ದೆಲ್ಲ ಹಾಜರಿ ಪುಸ್ತಕದಲ್ಲಿ, ಇಲ್ಲವೇ 'ಪರಿಶೀಲಿಸಿದೆ' ಎಂಬುದರ ಕೆಳಗೆ. 'ತಯಾರಿಸಿದವರು' ಎಂಬುದರ ಮುಂದೆ ಅದೇ ಮೊದಲು. ನನ್ನ ಸಹಿ ಎಂದಿಗಿಂತ ದೊಡ್ಡದಾಗಿ ಬಿತ್ತು. ಇಂಜಿನಿಯರ್ ಹುಡುಗಿ ಮೇಜಿನ ಕೆಳಗಿನಿಂದ ನನ್ನ ಕೈ ಚಿವುಟಿದಳು.

ಸಭೆ ಮುಗಿಯುವ ಹೊತ್ತಿಗೆ ಪಶ್ಚಿಮದ ಕಡೆ ಮೋಡ ಕಟ್ಟಿತ್ತು. ಬೀಗರಿಬ್ಬರೂ ಮೊಬೈಲು ತೆಗೆದರು. ಮಳೆ ಚಿತ್ರ ಮೂರು ಗಂಟೆಯದ್ದೇ ತೋರಿಸುತ್ತಿತ್ತು, ಮುಂದಿನದು ನಾಲ್ಕಕ್ಕೆ. ಇನ್ನೂ ಇಪ್ಪತ್ತು ನಿಮಿಷ. ಇಬ್ಬರೂ ನನ್ನ ಕಡೆ ನೋಡಿದರು. ನಾನು ತಲೆ ಅಲ್ಲಾಡಿಸಿದೆ. ಅರೇಹಳ್ಳಿಯವರು ಮನೆಗೆ ಫೋನ್ ಹಚ್ಚಿ ಸೊಸೆಯನ್ನು, ಅಂದರೆ ಅಧ್ಯಕ್ಷರ ಮಗಳನ್ನೇ, ಕೇಳಿದರು: "ಅವ್ವಾ, ಒಸಿ ಅಂಗಳಕ್ಕೆ ಹೋಗ್ ನೋಡು, ಹನಿ ಬಿತ್ತಾ?" ಅವಳು ಏನೋ ಹೇಳಿದಳು. ಫೋನನ್ನು ಅಧ್ಯಕ್ಷರ ಕೈಗೆ ಕೊಟ್ಟರು. ಅಪ್ಪ ಮಗಳು ಮಳೆಯ ವಿಷಯ ಬಿಟ್ಟು ಬೇರೆ ಎಲ್ಲ ಮಾತಾಡಿಕೊಂಡು ಮೆಟ್ಟಿಲಿಳಿದರು.

ಮೊದಲ ತಿಂಗಳ ಬಿಲ್ಲು ಎಂಟು ಸಾವಿರದ ಒಂಬೈನೂರು ಬಂತು. ನಾನು ಅದನ್ನು ಮುದ್ರಿಸಿ ಗೋಡೆಗೆ ಅಂಟಿಸಿದೆ. ಎರಡನೆಯದು ಒಂಬತ್ತೂವರೆ ಸಾವಿರ. ಚಳಿಗಾಲದಲ್ಲಿ ಒಂದು ಪೆಟ್ಟು ಬಿತ್ತು. ಕಾಫಿ ಕೊಯ್ಲು ಶುರುವಾದಾಗ ಅರೇಹಳ್ಳಿ, ಬಿಕ್ಕೋಡಿನಲ್ಲಿ ಮಾಲು ತೂಗಿಕೊಳ್ಳುವ ನಮ್ಮ ಕೇಂದ್ರಗಳಲ್ಲಿ ಚೀಟಿ ದಿನಕ್ಕೊಂದು ಸಲವಲ್ಲ, ನಾಲ್ಕು ಸಲ ತುಂಬಿಸುತ್ತಾರೆ ಎಂಬುದನ್ನು ನಾನು ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ. ಹನ್ನೆರಡು ಸಾವಿರದ ಎಚ್ಚರಿಕೆ ಬಂದಾಗ ನಾನು ನಾದಿನಿಯ ಮನೆಯ ನಾಮಕರಣದಲ್ಲಿ, ಕೋಸಂಬರಿ ಬಡಿಸುತ್ತಿದ್ದೆ. ಸೌಟು ಪಕ್ಕದವರ ಕೈಗೆ ಕೊಟ್ಟು ಹಿತ್ತಲಿಗೆ ಓಡಿದೆ. ಹಳೇಬೀಡಿಗೆ ಫೋನ್ ಮಾಡಿದರೆ ಅವಳೂ ಅದೇ ಎಚ್ಚರಿಕೆ ಹಿಡಿದು ನನಗೇ ಫೋನ್ ಮಾಡುತ್ತಿದ್ದಳು, ಇಬ್ಬರದೂ ಬಿಜಿ. ಕೊನೆಗೆ ಸಿಕ್ಕಾಗ ಆಫೀಸಿನ ಪ್ರಶ್ನೆಗಳನ್ನು ಆರು ದಿನ ನಿಲ್ಲಿಸುವುದೆಂದು ತೀರ್ಮಾನಿಸಿದೆವು. ಆ ಆರು ದಿನ ನಾನು ಪ್ರಶ್ನೆಗಳನ್ನು ನೋಟ್ ಪುಸ್ತಕದಲ್ಲಿ ಬರೆದಿಟ್ಟೆ. ತಿಂಗಳು ಹದಿಮೂರು ಸಾವಿರದ ಇನ್ನೂರಕ್ಕೆ ಮುಗಿಯಿತು. ಬೇಲೂರಿಗೆ ಫೋನ್ ಮಾಡಿ ಖಜಾನೆಯವರಿಗೆ ನಾನೇ ತಪ್ಪು ಒಪ್ಪಿಕೊಂಡೆ.

"ಎಲ್ಲಿ ತಪ್ಪಿತು ಅಂತ ಗೊತ್ತಾಯ್ತಲ್ಲ," ಎಂದರು. "ಮುಂದಿನ ಅಂದಾಜಲ್ಲಿ ಅದನ್ನ ಸೇರ್ಸಿಕೋ."

ವರ್ಷ ತುಂಬಿದಾಗ ಕೂಡಿ ನೋಡಿದರೆ ಒಂದು ಲಕ್ಷದ ಹನ್ನೊಂದು ಸಾವಿರ ಚಿಲ್ಲರೆ. ನನ್ನ ಸಹಿಗಿಂತ ಐದು ಸಾವಿರ ಕಡಿಮೆ. ಅದನ್ನು ಹೇಳಲು ಅಧ್ಯಕ್ಷರ ಕೋಣೆಗೆ ಹೋದರೆ ಅವರು ಫೋನಿನಲ್ಲಿದ್ದರು. "ನೀವೇ ಗೆದ್ರಿ ಬೀಗ್ರೆ, ನೀವೇ ಗೆದ್ರಿ," ಎನ್ನುತ್ತಾ ಕೈ ಸನ್ನೆಯಲ್ಲಿ ನನ್ನನ್ನು ಕೂರಲು ಹೇಳಿದರು.

ಕಳೆದ ವಾರ ಖಜಾನೆಯವರಿಂದ ಒಂದು ಫೋನ್ ಬಂತು. ಕಂಪನಿಯ ಕೆಲಸವಲ್ಲ, ಸ್ವಂತದ್ದು ಎಂದು ಮೊದಲೇ ಹೇಳಿದರು. ಬೆಳಿಗ್ಗೆ ಕಾಫಿ ಕುಡಿಯುವ ಹೋಟೆಲಿನಲ್ಲಿ ಗೆಳೆಯರೊಬ್ಬರ ಜೊತೆ ವಾದವಾಗಿದೆಯಂತೆ: ಬೇಲೂರಿನಲ್ಲಿ ಮಳೆ ಬಂದ ದಿನ ಹಳೇಬೀಡಿನಲ್ಲೂ ಬರುತ್ತದೆಯೇ, ಇಲ್ಲವೇ?

"ಕೇಳೋಕೆ ಎಷ್ಟಾಗುತ್ತೆ, ಮೊದ್ಲು ಹೇಳು," ಎಂದರು.

ಪೆನ್ಸಿಲ್ ತೆಗೆದು ಲೆಕ್ಕ ಹಾಕಿದೆ. "ಎಂಟು ರೂಪಾಯಿ ಒಳಗೆ ಸಾರ್."

ಎಂಟು ರೂಪಾಯಿ ತಕ್ಷಣ ಕಂಪನಿಯ ಖಾತೆಗೆ ಬಂತು. ನಾನು ರಸೀದಿ ಬರೆದೆ. ಆಮೇಲೆ ಮೂರು ವರ್ಷದ ಮಳೆಯನ್ನು ಕೇಳಲು ಕೈಗಳನ್ನು ಒಂದು ಸಲ ಉಜ್ಜಿಕೊಂಡು ಕೂತೆ.